ಲುಕಾಯನ್‌ಗೆ ಸಹಿ ಹಾಕದ ವತ್ಸಲಾ

ಬೆಳಗಿನ ಜಾವ ಐದೂಕಾಲು. ರ್ಯಾಂಚೊ ಪೆನಾಸ್ಕಿಟೋಸ್‌ನ ಈ ಬೀದಿಯಲ್ಲಿ ಹುಲ್ಲಿಗೆ ನೀರು ಚಿಮ್ಮಿಸುವ ಸ್ಪ್ರಿಂಕ್ಲರ್‌ಗಳನ್ನು ಬಿಟ್ಟರೆ ಎದ್ದಿರುವುದು ವತ್ಸಲಾ ಒಬ್ಬರೇ. ಅಡುಗೆಮನೆಯ ಕೌಂಟರಿನ ಮೇಲೆ ಲ್ಯಾಪ್‌ಟಾಪ್, ಅದರ ಎಡಕ್ಕೆ ಕೆಂಪು ರಟ್ಟಿನ ನೋಟ್‌ಬುಕ್, ಬಲಕ್ಕೆ ತೊಟ್ಟಿಕ್ಕುತ್ತಿರುವ ಕಾಫಿ ಫಿಲ್ಟರ್. ಡಿಕಾಕ್ಷನ್ ಇಳಿಯುವಷ್ಟರಲ್ಲಿ ನಾಲ್ಕು ವಾಕ್ಯ ತಿದ್ದಬೇಕು. ಇದು ಯಾರೂ ಹೇಳಿದ ಕೆಲಸವಲ್ಲ, ಹಾಗಾಗಿ ಯಾರೂ ಬೇಡವೆನ್ನುವಂತೆಯೂ ಇಲ್ಲ.

ಒಂದೊಂದು ವಾಕ್ಯವನ್ನೂ ಅವರು ಮೂರು ಸಲ ಬಾಯಿಬಿಟ್ಟು ಓದುತ್ತಾರೆ. ಮನೆಯವರಿಗೆ ಎಚ್ಚರವಾಗಬಾರದು, ನಾಲಿಗೆಗೆ ಎಚ್ಚರವಿರಬೇಕು, ಅಂಥ ದನಿಯಲ್ಲಿ. "ನಾಲಿಗೆ ಎಲ್ಲಿ ಎಡವುತ್ತೋ ಅಲ್ಲೇ ಮಗೂನೂ ಎಡವೋದು," ಎನ್ನುತ್ತಾರೆ. ಮೂರನೇ ಓದಿಗೆ ಎಡವದಿದ್ದರೆ ನೋಟ್‌ಬುಕ್ಕಿನಲ್ಲಿ ಒಂದು ಗೀಟು. ಇವತ್ತಿನ ಗೀಟು ಸೇರಿ ಮುನ್ನೂರ ಎಂಬತ್ತೆಂಟು.

ವತ್ಸಲಾ ತಮ್ಮ ಉದ್ಯೋಗ ಹೇಳಿದರೆ ಕನ್ನಡ ಸಂಘದ ಪಾಟ್‌ಲಕ್ ಊಟಕ್ಕೆ ಮನೆಗೊಂದು ಅಡುಗೆ ಹಿಡಿದು ಬಂದ ಜನ, "ಅದೂ ಒಂದು ಕೆಲಸವೇ?" ಎನ್ನುತ್ತಾರೆ. ನಿಘಂಟಿನಲ್ಲಿ ಪದದ ಅರ್ಥ ಕೊಟ್ಟು, ಕೆಳಗೆ ಓರೆ ಅಕ್ಷರದಲ್ಲಿ ಒಂದು ಉದಾಹರಣೆ ವಾಕ್ಯ ಇರುತ್ತದಲ್ಲ, ಅದನ್ನು ಯಾರೋ ಬರೆಯಲೇಬೇಕಲ್ಲ? ಬರೆಯುವವರು ಇವರು. ಲಾಸ್ ಏಂಜಲೀಸ್‌ನ ಒಂದು ಕಂಪನಿ ಶಾಲಾ ಮಕ್ಕಳಿಗಾಗಿ ನಡೆಸುವ ಆನ್‌ಲೈನ್ ಇಂಗ್ಲಿಷ್ ನಿಘಂಟಿಗೆ ದಿನಕ್ಕೆ ನಲವತ್ತು ವಾಕ್ಯ. ಒಂದೊಂದರಲ್ಲಿ ಹೆಚ್ಚೆಂದರೆ ಹದಿನಾಲ್ಕು ಪದ. 2020ರ ಆಗಸ್ಟ್‌ನಿಂದ ಈವರೆಗೆ ನಲವತ್ತು ಸಾವಿರ ದಾಟಿದೆ. ಕೆಳಗೆ ಹೆಸರು ಇರುವುದಿಲ್ಲ. ಎಲೆಮರೆಯ ಕಾಯಿ ಎನ್ನೋಣವೆಂದರೆ ಎಲೆಯ ಮೇಲೆ ಇವರದೇ ಬರಹವಿದೆ. ಕಾಯಿ ಮಾತ್ರ ಯಾರಿಗೂ ಕಂಡಿಲ್ಲ.

ಐವತ್ತನಾಲ್ಕು ವರ್ಷದ ವತ್ಸಲಾ ಮೈಸೂರಿನವರು. ಅಲ್ಲಿ ಕಾಲೇಜೊಂದರ ಲೈಬ್ರರಿಯಲ್ಲಿ ಏಳು ವರ್ಷ ಕೆಲಸ ಮಾಡಿದವರು. ಪತಿ ಗೋಪಿನಾಥ್ ಸೊರೆಂಟೊ ವ್ಯಾಲಿಯಲ್ಲಿ ಟೆಲಿಕಾಂ ಎಂಜಿನಿಯರ್. ಅವರ ವೀಸಾದ ಬಾಲ ಹಿಡಿದು ಬಂದ ವತ್ಸಲಾಗೆ ಹದಿನೈದು ವರ್ಷ ಕೆಲಸ ಮಾಡುವ ಅನುಮತಿ ಇರಲಿಲ್ಲ, ಮಾಡಿದ ಕೆಲಸಕ್ಕೆ ಲೆಕ್ಕವೂ ಇರಲಿಲ್ಲ. ಗ್ರೀನ್ ಕಾರ್ಡ್ ಬಂದ ಮೇಲೆ ಮೂರು ಶಾಲೆಗಳ ಲೈಬ್ರರಿಗೆ ಅಪ್ಲೈ ಮಾಡಿದರು. ಮೂರೂ ಕಡೆ ಇಂಟರ್‌ವ್ಯೂ ಚೆನ್ನಾಗಿಯೇ ಆಯಿತು, ಕೆಲಸ ಮಾತ್ರ ಆಗಲಿಲ್ಲ. "ಮಕ್ಕಳಿಗೆ ನಿಮ್ಮ ಆಕ್ಸೆಂಟ್ ಕಷ್ಟ ಆಗಬಹುದು ಅಂದ್ರು. ಲಾಕ್‌ಡೌನ್‌ನಲ್ಲಿ ಇದು ಸಿಕ್ತು. ಬರೆದ ವಾಕ್ಯಕ್ಕೆ ಆಕ್ಸೆಂಟ್ ಎಲ್ಲಿರುತ್ತೆ ಹೇಳಿ? ಈಗ ಅದೇ ಶಾಲೆಗಳ ಮಕ್ಕಳು ನನ್ನ ಇಂಗ್ಲಿಷ್ ನೋಡ್ಕೊಂಡೇ ಹೋಮ್‌ವರ್ಕ್ ಮಾಡ್ತಾರೆ!"

ಕೆಲಸಕ್ಕೆ ನಿಯಮಗಳುಂಟು. ಸಾವು ಬೇಡ, ದೇವರು ಬೇಡ, ಜಗಳ ಬೇಡ. ತಪ್ಪಿದರೆ ದೋಷದ ಗುರುತು. ಒಂದೇ ವರ್ಷದಲ್ಲಿ ಮೂರು ಗುರುತು ಬಿದ್ದರೆ ಮುಂದಿನ ವರ್ಷದ ಕಾಂಟ್ರ್ಯಾಕ್ಟ್ ಇಲ್ಲ. 2024ರ ಅಕ್ಟೋಬರ್ ಹೊತ್ತಿಗೆ ವತ್ಸಲಾ ಅವರ ಹೆಸರಿಗೆ ಆಗಲೇ ಎರಡು ಬಿದ್ದಿದ್ದವು. ಮೊದಲನೆಯದು, ಮೊಸರನ್ನ ಉಂಡು ತೃಪ್ತಿಯಿಂದ ಮಲಗಿದ ಒಬ್ಬ ಅಂಕಲ್ ಬಗ್ಗೆ. ಕಾರಣ: ಅಪರಿಚಿತ ಆಹಾರ. ಎರಡನೆಯದು, ಬೆಕ್ಕು ಕೊನೆಗೂ ಇಲಿಯನ್ನು ಹಿಡಿಯಿತು ಎಂಬ ವಾಕ್ಯಕ್ಕೆ. ಕಾರಣ: ಹಿಂಸೆ. "ಕೊಂದಿತು ಅಂತ ನಾನೆಲ್ಲಿ ಬರೆದೆ? ಹಿಡೀತು ಅಂತ ಬರೆದೆ. ಹಿಡಿದ ಮೇಲೆ ಮಾತಾಡಿಸಿ ಕಳಿಸಿರಬಹುದು," ಎಂದು ಈಗಲೂ ವಾದ ಹೂಡುತ್ತಾರೆ.

ಆ ಅಕ್ಟೋಬರಿನಲ್ಲೇ ಕಂಪನಿ ಹೊಸ ಪದ್ಧತಿ ತಂದಿತು. ಒಂದು ಪದಕ್ಕೆ ಹಲವು ಅರ್ಥಗಳಿದ್ದರೆ ಯಾವುದು ಮೊದಲು ಬರಬೇಕೆಂದು ಇನ್ನು ಮನುಷ್ಯರು ತಲೆ ಕೆಡಿಸಿಕೊಳ್ಳಬೇಕಿಲ್ಲ. ಇಂಟರ್‌ನೆಟ್ಟಿನಲ್ಲಿ ಯಾವ ಅರ್ಥ ಎಷ್ಟು ಸಲ ಬಳಕೆಯಾಗಿದೆ ಎಂದು ಸಾಫ್ಟ್‌ವೇರ್ ಎಣಿಸುತ್ತದೆ, ಹೆಚ್ಚು ಸಿಕ್ಕಿದ್ದಕ್ಕೆ ಮೊದಲ ಸ್ಥಾನ. ಮನುಷ್ಯರು ಸಹಿ ಹಾಕಿದರೆ ಸಾಕು. ವತ್ಸಲಾ ಪಾಲಿಗೆ ಮುನ್ನೂರ ಹನ್ನೆರಡು ಪದ ಬಂದವು. ನೂರ ಎಂಬತ್ತಾರಕ್ಕೆ ಸಹಿ ಬಿತ್ತು. ನೂರ ಎಂಬತ್ತೇಳನೆಯದು 'ಲುಕಾಯನ್'.

ಪರದೆಯ ಮೇಲೆ ಹೀಗಿತ್ತು. ಅರ್ಥ ಒಂದು: ಬೀಚು, ರೆಸಾರ್ಟು ಮುಂತಾದ ರಜೆಯ ತಾಣಗಳ ಹೆಸರು. ಅರ್ಥ ಎರಡು: ಬಹಾಮಾಸ್ ಕಡೆಯ ದ್ವೀಪಗಳಲ್ಲಿ ಹಿಂದೆ ಇದ್ದ ಜನ, ಅವರ ಭಾಷೆ, ವಿರಳ ಬಳಕೆ. ಅರ್ಥ ಮೂರು: ಆ ದ್ವೀಪಸಮೂಹಕ್ಕೆ, ಅಲ್ಲಿಯ ಕಲ್ಲುಮಣ್ಣಿಗೆ ಸಂಬಂಧಿಸಿದ್ದು.

ಲೈಬ್ರರಿಯ ಹಳೆಯ ಚಾಳಿ, ಓದದೆ ಸಹಿ ಹಾಕಲು ಕೈ ಬರಲಿಲ್ಲ. ಓದಿದರು. ಆ ಜನರ ಭಾಷೆಯಲ್ಲಿ ಆ ಹೆಸರಿಗೆ 'ದ್ವೀಪದ ಜನ' ಎಂಬ ಅರ್ಥವಂತೆ. 1492ರಲ್ಲಿ ಕೊಲಂಬಸ್ ಸಮುದ್ರ ದಾಟಿ ಬಂದಾಗ ಮೊಟ್ಟಮೊದಲು ಎದುರಾದವರು ಇವರೇ. ಮುಂದಿನ ಮೂವತ್ತು ವರ್ಷ ಮುಗಿಯುವಷ್ಟರಲ್ಲಿ ಅವರನ್ನು ಗುಲಾಮರನ್ನಾಗಿ ಹಿಡಿದು ಸಾಗಿಸಿ, ದ್ವೀಪಗಳನ್ನೇ ಬರಿದು ಮಾಡಲಾಗಿತ್ತು. ಹ್ಯಾಮಕ್, ಕನೂ, ಹರಿಕೇನ್ ಎಂದು ನಾವೆಲ್ಲ ಅನ್ನುವ ಮಾತುಗಳು ಅವರದೂ ಅವರ ನೆಂಟರದೂ ಆದ ಭಾಷೆಯಿಂದ ಬಂದವು. ಅಂದರೆ ಮಲಗುವ ಜೋಲಿ, ಹುಟ್ಟು ಹಾಕುವ ದೋಣಿ, ಬೀಸುವ ಬಿರುಗಾಳಿ ಉಳಿದಿವೆ. ಮಲಗುತ್ತಿದ್ದವರ ಹೆಸರು ಹೋಟೆಲಿನ ಬೋರ್ಡಿಗೇರಿದೆ.

"ಇಲಿ ಹಿಡಿದ್ರೆ ಹಿಂಸೆ. ದ್ವೀಪಕ್ಕೆ ದ್ವೀಪವನ್ನೇ ಹಿಡಿದುಕೊಂಡು ಹೋದ್ರೆ ವಿರಳ ಬಳಕೆ!" ಎಂದು ಅವರು ಅಂದದ್ದು ಊಟದ ಟೇಬಲ್ ಮುಂದೆ.

ಗೋಪಿನಾಥ್ ತಟ್ಟೆಯಿಂದ ತಲೆ ಎತ್ತಲಿಲ್ಲ. "ನಮ್ಮ ಬೆಂಗಳೂರಲ್ಲಿ ಕೆರೆ ಮುಚ್ಚಿ ಲೇಕ್ ವ್ಯೂ ಅಂತ ಹೆಸರಿಡಲ್ವೇನೇ? ಲೋಕವೇ ಹಾಗೆ."

"ಇಡ್ತಾರೆ. ಆದ್ರೆ ನಿಘಂಟಲ್ಲಿ ಕೆರೆ ಅಂದ್ರೆ ಅಪಾರ್ಟ್‌ಮೆಂಟು ಅಂತ ಬರೆಯಲ್ಲ ಅಲ್ವಾ?"

ಯೂನಿವರ್ಸಿಟಿ ಸಿಟಿಯಲ್ಲಿ ಓದುತ್ತ ವಾರಾಂತ್ಯಕ್ಕೆ ಮನೆಗೆ ಬಂದಿದ್ದ ಮಗಳು ಧೃತಿ ಫೋನಿನಿಂದಲೇ ತೀರ್ಪು ಕೊಟ್ಟಳು. "ಅಮ್ಮಾ, ಇಟ್ಸ್ ಒನ್ ವರ್ಡ್. ಜಸ್ಟ್ ಸೈನ್ ಇಟ್."

"ನಿನ್ನ ಹೆಸರೂ ಒಂದೇ ವರ್ಡು ಕಣೇ. ನಾಳೆ ಯಾರಾದ್ರೂ ಶಾಂಪೂಗೆ ಇಟ್ಕೊಂಡು, ಮೊದಲು ಶಾಂಪೂ ಆಮೇಲೆ ನೀನು ಅಂದ್ರೆ?"

"ಓಕೆ, ದಟ್ಸ್ ಫೇರ್," ಎಂದು ಧೃತಿ ಫೋನ್ ಕೆಳಗಿಟ್ಟಳು.

ವತ್ಸಲಾ ಎಣಿಕೆಯ ಪಟ್ಟಿ ಕೇಳಿ ತರಿಸಿಕೊಂಡರು. ಇಂಟರ್‌ನೆಟ್ಟಿನಲ್ಲಿ ಆ ಪದ ಸಿಕ್ಕ ಇನ್ನೂರ ಹದಿನಾಲ್ಕು ಸಾಲು. ಪ್ರಿಂಟ್ ತೆಗೆದು, ಪೆನ್ಸಿಲ್ ಹಿಡಿದು, ತಮ್ಮ ಪದ್ಧತಿಯಂತೆ ಬಾಯಿಬಿಟ್ಟು ಓದತೊಡಗಿದರು. ಹತ್ತನೇ ಸಾಲಿಗೆ ದನಿ ನಿಧಾನವಾಯಿತು. ಇಪ್ಪತ್ತನೇ ಸಾಲಿಗೆ ನಿಂತೇಹೋಯಿತು. 'ನಾವು ಮನೆಯವರೆಲ್ಲ ಲುಕಾಯನ್ ಬೀಚಿನಲ್ಲಿ ಬಿಸಿಲಿನ ಒಂದು ವಾರ ಕಳೆದೆವು.' ಮತ್ತೆ ಅದೇ. ಮತ್ತೆ ಅದೇ. ಶಾಲೆಯ ವರ್ಕ್‌ಶೀಟುಗಳಲ್ಲಿ, ಕ್ವಿಜ್‌ಗಳಲ್ಲಿ, ಪದ ಕಲಿಸುವ ಆ್ಯಪ್‌ಗಳಲ್ಲಿ, ಕಂಪ್ಯೂಟರೇ ಬರೆದ ಲೇಖನಗಳಲ್ಲಿ, ಒಂದಕ್ಷರ ಆಚೀಚೆ ಇಲ್ಲದೆ, ನೂರ ಮೂವತ್ತೊಂದು ಸಲ.

ಆ ವಾಕ್ಯ ಬರೆದವರು ವತ್ಸಲಾ. 2020ರ ಸೆಪ್ಟೆಂಬರಿನಲ್ಲಿ.

"ನೆನಪಿದೆ ನಂಗೆ. ಆರು ತಿಂಗಳಿಂದ ಮನೆಯೊಳಗೇ ಕೂತಿದ್ವಿ. ಪದ ಹುಡುಕಿದ್ರೆ ಮೇಲ್ಗಡೆ ಒಂದು ರೆಸಾರ್ಟಿನ ಜಾಹೀರಾತು, ನೀಲಿ ನೀರು. ಹೊಟ್ಟೆ ಉರೀತು. ನಾನಂತೂ ಹೋಗಲ್ಲ, ವಾಕ್ಯನಾದ್ರೂ ಹೋಗ್ಲಿ ಅಂತ ಬರೆದೆ. ಅರ್ಥ ಓದ್ಲೇ ಇಲ್ಲ. ಅವತ್ತು ಇನ್ನೂ ಮೂವತ್ತಾರು ಬಾಕಿ ಇತ್ತು."

ವಾಕ್ಯ ಹೋಗಿತ್ತು, ಊರೆಲ್ಲ ಸುತ್ತಿ ವಾಪಸ್ಸೂ ಬಂದಿತ್ತು. ನಿಘಂಟಿನಿಂದ ಕದ್ದದ್ದನ್ನೇ ನಿಘಂಟು ಸಾಕ್ಷಿಯೆಂದು ಎಣಿಸಿಕೊಂಡು, ಆ ಸಾಕ್ಷಿಯ ಮೇಲೆ ಒಂದು ಜನಾಂಗವನ್ನು ಎರಡನೇ ಸಾಲಿಗೆ ದೂಡಿತ್ತು. ಅರ್ಥಕ್ಕೊಂದು ವಾಕ್ಯ ಕೊಡಬೇಕಾದವರು ಅನರ್ಥಕ್ಕೆ ಕೊಟ್ಟಿದ್ದರು.

"ಯಾರಿಗೂ ಗೊತ್ತಿಲ್ಲ ತಾನೇ? ಬಾಯಿ ಬಿಡ್ಬೇಡ," ಎಂದರು ಗೋಪಿನಾಥ್, ಈ ಸಲ ತಟ್ಟೆಯಿಂದ ತಲೆ ಎತ್ತಿ. "ಹೇಳಿದ್ರೆ ಮೂರನೇ ಗುರುತು. ಕೆಲಸ ಹೋಗುತ್ತೆ. ಹದಿನೈದು ವರ್ಷ ಕಾದು ಸಿಕ್ಕಿದ್ದು ಕಣೇ."

ವತ್ಸಲಾ ಎರಡು ದಿನ ಬಾಯಿ ಬಿಡಲಿಲ್ಲ. ಆ ಎರಡು ದಿನ ವಾಕ್ಯಗಳನ್ನೂ ಮನಸ್ಸಿನಲ್ಲೇ ಓದಿಕೊಂಡರಂತೆ. ಮೂರನೇ ದಿನ, ಮಂಗಳವಾರ, ಸೊರೆಂಟೊ ವ್ಯಾಲಿಯಲ್ಲಿ ಕೋಸ್ಟರ್ ರೈಲು ಹತ್ತಿ, ಓಷನ್‌ಸೈಡ್‌ನಲ್ಲಿ ರೈಲು ಬದಲಿಸಿ ಲಾಸ್ ಏಂಜಲೀಸಿಗೆ ಹೊರಟರು. ತೊಡೆಯ ಮೇಲೆ ಪ್ರಿಂಟ್ ತೆಗೆದ ಹಾಳೆಗಳ ಕಟ್ಟು. ನಾಲ್ಕು ವರ್ಷ ಕೆಲಸ ಮಾಡಿದ ಕಂಪನಿಯ ಕಟ್ಟಡವನ್ನು ಅವರು ನೋಡಿದ್ದು ಅಂದೇ ಮೊದಲು. ಬಾಗಿಲಲ್ಲಿ ಎದೆಗೆ ಅಂಟಿಸಿದ ಚೀಟಿಯಲ್ಲಿ 'ವಿಸಿಟರ್' ಎಂದಿತ್ತು.

ಮೇಲ್ವಿಚಾರಕ ಶ್ರೀಕರ್ ಹುಬ್ಬಳ್ಳಿಯವರು, ಇವರಿಗಿಂತ ಹದಿನೆಂಟು ವರ್ಷ ಚಿಕ್ಕವರು. ಆವರೆಗೆ ವಿಡಿಯೊ ಕಾಲ್‌ನಲ್ಲಿ ಮಾತ್ರ ಪರಿಚಯ. "ಏನ್ರೀ ಅಕ್ಕಾರ, ಒಂದು ಸಹಿ ಹಾಕೂದಕ್ಕ ಇಷ್ಟು ದೂರ ಬಂದ್ರಿ?"

"ಹಾಕೋದಕ್ಕಲ್ಲ. ಹಾಕಲ್ಲ ಅಂತ ಹೇಳೋದಕ್ಕೆ."

ಶ್ರೀಕರ್ ನಕ್ಕರು. "ಅಕ್ಕಾರ, ನಮ್ಮ ಕಡೆ ಮದುವ್ಯಾಗ ಮನಿಯವರು ಕಡೀ ಪಂಕ್ತಿಗೇ ಕೂಡ್ತಾರ. ಎರಡನೇದಕ್ಕ ಬಂದ್ರ ಅವರ ಮಾನ ಹೋಗ್ತದೇನು?"

"ಮನೆಯವರು ಕೊನೇಲಿ ಕೂರೋದು ಬಡಿಸೋ ಕೈ ಅವರದ್ದು ಅಂತ, ಶ್ರೀಕರ್. ಯಾರೋ ಬಂದು ಮನೆಯವರನ್ನ ಹೊರಗೆ ದಬ್ಬಿ, ಅವರ ಎಲೇಲೇ ಉಂಡ್ರೆ ಅದಕ್ಕೆ ಪಂಕ್ತಿ ಅನ್ನಲ್ಲ."

ಶ್ರೀಕರ್ ಕುರ್ಚಿ ಎಳೆದುಕೊಂಡು ಕೂತರು. ವತ್ಸಲಾ ಹಾಳೆಗಳನ್ನು ಮೇಜಿನ ಮೇಲೆ ಹರಡಿದರು. "ನಿಮ್ಮ ಸಾಫ್ಟ್‌ವೇರ್ ಸರಿಯಾಗೇ ಎಣಿಸಿದೆ. ಎಣಿಸಿದ್ದು ನನ್ನ ತಪ್ಪನ್ನ. ಪೆನ್ಸಿಲ್ ಗೀಟು ಇರೋ ನೂರಾ ಮೂವತ್ತೊಂದೂ ನಾನು ಬರೆದ ಒಂದೇ ವಾಕ್ಯ. ಅದನ್ನ ತೆಗೆದುಹಾಕಿ ನೋಡಿ. ಎಂಬತ್ತಮೂರು ಉಳಿಯುತ್ತೆ. ಜನರ ಬಗ್ಗೆ ನಲವತ್ತೊಂದು. ದ್ವೀಪ, ಕಲ್ಲು, ಗುಹೆ ಇಪ್ಪತ್ತಾರು. ರೆಸಾರ್ಟು ಹದಿನಾರು. ನಿಮ್ಮ ರೂಲು ನೀವೇ ಓದ್ಕೊಳ್ಳಿ."

ಶ್ರೀಕರ್ ಬಹಳ ಹೊತ್ತು ಹಾಳೆ ತಿರುವಿದರು. ಆಮೇಲೆ ಮೆಲ್ಲಗೆ ಅಂದರು: "ಇದು ನಿಮ್ಮ ವಾಕ್ಯ ಅಂತ ನೀವು ಹೇಳಬಾರದಿತ್ತರೀ. ಈಗ ನಾ ಗುರುತು ಹಾಕಬೇಕಾಗ್ತದ. ಮೂರನೇದು."

"ಹಾಕಿ. ಇಲಿಗೆ ಹಾಕಿದ್ದನ್ನ ಒಪ್ಪಲ್ಲ. ಇದನ್ನ ಒಪ್ತೀನಿ."

ಮೂರನೇ ಗುರುತು ಬಿತ್ತು. ಹದಿನೈದು ದಿನದೊಳಗೆ ಅರ್ಥಗಳ ಕ್ರಮವೂ ಬದಲಾಯಿತು: ಮೊದಲು ಜನ, ಆಮೇಲೆ ದ್ವೀಪ, ಕೊನೆಯಲ್ಲಿ ರೆಸಾರ್ಟು. 'ವಿರಳ ಬಳಕೆ' ಹೋಯಿತು. ವತ್ಸಲಾ ಅವರ ವಾರ್ಷಿಕ ಕಾಂಟ್ರ್ಯಾಕ್ಟೂ ಹೋಯಿತು. ಶ್ರೀಕರ್ ಓಡಾಡಿ ಮೂರು ತಿಂಗಳ ಪರೀಕ್ಷಾರ್ಥ ಅವಧಿ ಕೊಡಿಸಿದರು, ಅದು ಮುಗಿದ ಮೇಲೆ ಇನ್ನೊಂದು ಮೂರು ತಿಂಗಳು. ನಲವತ್ತು ಸಾವಿರ ವಾಕ್ಯ ಬರೆದವರು ಈಗ ಪರೀಕ್ಷೆಯಲ್ಲಿದ್ದಾರೆ.

ಬೆಳಗಿನ ಆ ಕೆಂಪು ನೋಟ್‌ಬುಕ್ ಶುರುವಾದದ್ದು ಲಾಸ್ ಏಂಜಲೀಸಿನಿಂದ ವಾಪಸ್ ಬರುವ ರೈಲಿನಲ್ಲಿ. ಒಂದು ಜನಾಂಗದ ಬಗ್ಗೆ ಹೀಗಾಗಿದ್ದರೆ ಇನ್ನೆಷ್ಟು ಜನಾಂಗಗಳ ಬಗ್ಗೆ? ಆ ಮೊದಲ ವರ್ಷದ ಅವಸರದಲ್ಲಿ ಜನಾಂಗಗಳ, ಊರುಗಳ ಹೆಸರಿಗೆ ಬರೆದದ್ದು ಆರುನೂರ ಹನ್ನೆರಡು ವಾಕ್ಯ. ಕಂಪನಿ ಕೇಳಿಲ್ಲ. ಕೇಳಿದರೆ ಬೇಡವೆನ್ನಬಹುದೆಂದು ಇವರೂ ಕೇಳಿಲ್ಲ. ದಿನಾ ಬೆಳಿಗ್ಗೆ ನಾಲ್ಕನ್ನು ಹೊಸದಾಗಿ ಓದಿ, ತಿಳಿದುಕೊಂಡು, ತಿದ್ದಿ, ಸದ್ದಿಲ್ಲದೆ ಕಳಿಸುತ್ತಾರೆ. ಸದ್ದಿಲ್ಲದೆ ಶ್ರೀಕರ್ ಒಪ್ಪಿಗೆ ಹಾಕುತ್ತಾರೆ. ಒಮ್ಮೆ ಮಾತ್ರ ಅವರಿಂದ ಎರಡು ಸಾಲು ಬಂದಿತ್ತು: "ಅಕ್ಕಾರ, ನೀವು ಇಷ್ಟು ಮುಂಜಾನೆ ಏಳ್ತೀರಿ ಅಂತ ನನಗೂ ಅಲಾರಾಂ ಇಟ್ಟಂಗಾಗೇದ. ನಿದ್ದಿ ಮಾಡ್ರಿ."

ಇನ್ನು ಉಳಿದಿರುವುದು ಇನ್ನೂರ ಇಪ್ಪತ್ತನಾಲ್ಕು. ಕಾಂಟ್ರ್ಯಾಕ್ಟ್ ಮುಗಿಯಲು ಎರಡು ತಿಂಗಳಿದೆ. "ಅಷ್ಟರೊಳಗೆ ಮುಗಿಸಿದ್ರೆ ಸಾಕು. ಆಮೇಲೆ ತೆಗೆದ್ರೆ ತೆಗೀಲಿ. ಕ್ಷಮಿಸಿ ಅಂತ ಕಂಪನಿಗೆ ನಾನೇನೂ ಬರೆದುಕೊಡಲ್ಲ. ಲುಕಾಯನ್ನರಿಗೆ ಬೇಕಾದ್ರೆ ಬರೆದುಕೊಡ್ತೀನಿ," ಎನ್ನುತ್ತಾರೆ ವತ್ಸಲಾ. ಡಿಕಾಕ್ಷನ್ ಇಳಿದಿದೆ. ಹಾಲು ಕಾಯಿಸಲು ಏಳುತ್ತಾರೆ.

ಬಿಸಿಲಿನ ಬೀಚಿನ ಜಾಗದಲ್ಲಿ ಈಗೇನಿದೆ ಎಂದರೆ ಲ್ಯಾಪ್‌ಟಾಪ್ ಈಚೆಗೆ ತಿರುಗಿಸುತ್ತಾರೆ. ಇಂಗ್ಲಿಷಿನ ಹದಿನಾಲ್ಕೇ ಪದ. ಸಾವಿಲ್ಲ, ದೇವರಿಲ್ಲ, ಜಗಳವೂ ಇಲ್ಲ, ಯಾವ ನಿಯಮಕ್ಕೂ ಸಿಕ್ಕಿಬೀಳುವುದಿಲ್ಲ: 'ರಜೆಯಲ್ಲಿ ನೀವು ಮಲಗುವ ಹ್ಯಾಮಕ್ಕಿನಲ್ಲಿ ನಿಮಗಿಂತ ಎಷ್ಟೋ ಮೊದಲು ಲುಕಾಯನ್ ಜನ ಮಲಗುತ್ತಿದ್ದರು.'

ಬಾಯಿಬಿಟ್ಟು ಓದುತ್ತಾರೆ, ಮೂರು ಸಲ. ಎಲ್ಲೂ ಎಡವುವುದಿಲ್ಲ.

"ನನ್ನ ಹೆಸರು ಹಾಕೋದೇನೂ ಬೇಡ," ಎಂದು ಲೋಟಕ್ಕೆ ಕಾಫಿ ಬಗ್ಗಿಸುತ್ತಾರೆ. "ಆ ದರಿದ್ರ ವಾಕ್ಯನ ಕೇಳ್ದೆ ಹೇಳ್ದೆ ನೂರಾ ಮೂವತ್ತೊಂದು ಕಡೆ ಕದ್ಕೊಂಡು ಹೋದ್ರಲ್ಲ? ಇದನ್ನೂ ಕದೀಲಿ. ಅದೊಂದೇ ಆಸೆ."