ಓರೆಯಾಗಿ ನಿಲ್ಲಿಸಿದ ಗ್ಲಾಸುಗಳು

ಗಾರೆ ಮೇಸ್ತ್ರಿಗೆ ಸೊಟ್ಟಗಿದ್ದದ್ದು ಕಂಡರೆ ಕೈ ಸುಮ್ಮನಿರುತ್ತಿರಲಿಲ್ಲ. ಯಾರ ಮನೆಗೆ ಹೋದರೂ ಗೋಡೆಯ ಫೋಟೋ ನೇರ ಮಾಡಿಯೇ ಕೂರುವ ಆಸಾಮಿ. ಬೀದಿಗೆಲ್ಲ ಅದೊಂದು ತಮಾಷೆ. ಹೆಂಡತಿಗೆ ತಮಾಷೆಯಾಗಿರಲಿಲ್ಲ. ಅವಳು ಮಡಿಸಿಟ್ಟ ಬಟ್ಟೆಯನ್ನು ಬಿಚ್ಚಿ ಮತ್ತೆ ಮಡಿಸುತ್ತಿದ್ದ. ನೆಂಟರ ಮುಂದೆ ಅವಳು ಹೇಳುತ್ತಿದ್ದ ಮಾತನ್ನು ನಡುವೆಯೇ ಕಿತ್ತುಕೊಂಡು, “ಹಾಗಲ್ಲ ಅದು” ಎಂದು ತಾನೇ ಮುಗಿಸುತ್ತಿದ್ದ. ಹೊಡೆದವನಲ್ಲ, ಬೈದವನಲ್ಲ. ಅದಕ್ಕೇ ಅವಳು ದೂರಿದರೆ ಅವಳಕ್ಕನೇ, “ಚಿನ್ನದಂಥ ಗಂಡ, ನಿಂಗೇನು ಕೊಬ್ಬು” ಎನ್ನುತ್ತಿದ್ದಳು. ಆ ಚಿನ್ನವನ್ನು ಎರಡು ದಿನ ಅಕ್ಕನೇ ಕೊರಳಿಗೆ ಹಾಕಿಕೊಂಡು ನೋಡಬೇಕಿತ್ತು.

ಅವಳು ಹಿಂದೆ ದೊಡ್ಡ ಹೋಟೆಲೊಂದರ ಅಡುಗೆಮನೆಯಲ್ಲಿ ಗ್ಲಾಸು ತೊಳೆಯುತ್ತಿದ್ದಳು. ಪನ್ನಾ ಕೋಟಾ ಎಂಬ ಇಟಲಿಯ ಸಿಹಿಯನ್ನು ಕಲಿತದ್ದು ಅಲ್ಲೇ, ಕಣ್ಣಲ್ಲಿ ನೋಡಿ. ಕೆನೆ, ಹಾಲು, ಸಕ್ಕರೆಯನ್ನು ಕುದಿಯದಂತೆ ಬಿಸಿ ಮಾಡಿ, ನೆನೆಸಿದ ಜೆಲಟಿನ್ ಕರಗಿಸಿ, ಗ್ಲಾಸಿಗೆ ಹುಯ್ದು ಫ್ರಿಜ್ಜಿನಲ್ಲಿ ಗಟ್ಟಿಯಾಗಲು ಬಿಡಬೇಕು. ಅವಳು ಗ್ಲಾಸುಗಳನ್ನು ಮೊಟ್ಟೆಯ ಟ್ರೇಯ ಗುಳಿಗಳಲ್ಲಿ ಓರೆಯಾಗಿ ನಿಲ್ಲಿಸುತ್ತಿದ್ದಳು. ಕೆನೆ ಇಳಿಜಾರಾಗಿ ಗಟ್ಟಿಯಾದ ಮೇಲೆ ಗ್ಲಾಸನ್ನು ನೆಟ್ಟಗಿಟ್ಟು, ಉಳಿದ ಜಾಗಕ್ಕೆ ತಣಿದ ದ್ರಾಕ್ಷಿ ಜೆಲ್ಲಿ ತುಂಬಿದರೆ, ಬಿಳಿಯ ಮೇಲೆ ನೇರಳೆ ಓರೆಯಾಗಿ ಕೂರುತ್ತಿತ್ತು.

ಬೀದಿ ತುದಿಯ ಬೇಕರಿಯ ಯಜಮಾನಿ ಅದನ್ನು ನೋಡಿ ಮರುಳಾದಳು. “ಶನಿವಾರ ಮಧ್ಯಾಹ್ನ ತಗೊಂಡ್ಬನ್ನಿ. ಜನ ಕೇಳಿದ್ರೆ ಗಾಜಿನ ಕಪಾಟಿನ ಮೇಲಿನ ಸಾಲು ನಿಮಗೇ. ಇಲ್ಲಾಂದ್ರೆ ಆ ಜಾಗಕ್ಕೆ ಕೇಕಿನವಳೊಬ್ಬಳು ಕಾಯ್ತಾ ಇದ್ದಾಳೆ.” ತನ್ನದು ಎಂದು ಹೇಳಿಕೊಳ್ಳಲು ಅವಳಿಗೆ ಅದುವರೆಗೆ ಒಂದು ಗೂಟವೂ ಇರಲಿಲ್ಲ.

ಶನಿವಾರ ಬೆಳಿಗ್ಗೆ ಕೆನೆ ಹುಯ್ದು, ಗ್ಲಾಸುಗಳನ್ನು ಫ್ರಿಜ್ಜಿನಲ್ಲಿ ಓರೆಯಾಗಿಟ್ಟು ದ್ರಾಕ್ಷಿ ತರಲು ಹೋದಳು. ಮೇಸ್ತ್ರಿ ನೀರಿಗೆಂದು ಫ್ರಿಜ್ಜು ತೆರೆದ. ಅವಳು ಮರಳಿ ಬಂದು ನೋಡಿದರೆ ಗ್ಲಾಸುಗಳೆಲ್ಲ ಸೈನಿಕರಂತೆ ನೆಟ್ಟಗೆ ನಿಂತಿದ್ದವು. ಅರೆಗಟ್ಟಿಯಾಗಿದ್ದ ಕೆನೆ ಕುಸಿದು, ಒಂದು ಬದಿಯ ಗಾಜಿಗೆಲ್ಲ ಮೆತ್ತಿಕೊಂಡು, ಒಡೆದ ಮೊಸರಿನ ಹಾಗಾಗಿತ್ತು.

“ಯಾರು ಮುಟ್ಟಿದ್ದು ಇದನ್ನ?”

“ನಾನೇ. ಎಲ್ಲ ವಾಲ್ಕೊಂಡಿದ್ವು, ಚೆಲ್ಲಿ ಹೋಗ್ತಿತ್ತು. ನೆಟ್ಟಗೆ ಇಟ್ಟೆ,” ಎಂದ, ಉಪಕಾರ ಮಾಡಿದವನ ಮುಖದಲ್ಲಿ.

“ವಾಲ್ಕೊಂಡೇ ಇರ್ಬೇಕಿತ್ತು ರೀ. ಬೇಕಂತಲೇ ಹಾಗಿಟ್ಟಿದ್ದೆ.”

“ಸೊಟ್ಟಗಿರೋದನ್ನ ಯಾರು ದುಡ್ಡು ಕೊಟ್ಟು ತಗೋತಾರೆ?” ಚಮಚ ತೆಗೆದುಕೊಂಡು ಒಂದು ಗ್ಲಾಸಿಗೆ ಹಾಕಿ ರುಚಿ ನೋಡಿದ. “ಚೆನ್ನಾಗೇ ಇದೆಯಲ್ಲ. ಇದಕ್ಯಾಕೆ ಇಷ್ಟು ರಂಪ?”

ಅವಳ ಮೈ ಉರಿದುಹೋಯಿತು. “ನಾನು ಮಾಡಿದ್ದು ಚೆನ್ನಾಗಿದೆ ಅಂತ ನಿಮ್ಮ ಬಾಯಲ್ಲಿ ಇವತ್ತೇ ಕೇಳಿದ್ದು. ಅದೂ ಹಾಳು ಮಾಡಿದ ಮೇಲೆ.”

ಮತ್ತೆ ಮಾಡಲು ಕೆನೆಯೂ ಇರಲಿಲ್ಲ, ಹೊತ್ತೂ ಇರಲಿಲ್ಲ. ಗಾಜಿಗೆ ಮೆತ್ತಿದ್ದನ್ನು ಹಲ್ಲು ಕಚ್ಚಿಕೊಂಡು ಒರೆಸಿ, ಇದ್ದದ್ದರ ಮೇಲೆಯೇ ಜೆಲ್ಲಿ ಹುಯ್ದಳು. ಅದು ಕೆನೆಯ ಬಿರುಕಿಗೆಲ್ಲ ಇಳಿದು ಕಲೆಕಲೆಯಾಯಿತು. ಆದರೂ ಒಯ್ದಳು.

ಯಜಮಾನಿ ಒಂದು ಗ್ಲಾಸನ್ನು ಬೆಳಕಿಗೆ ಹಿಡಿದು ಕೆಳಗಿಟ್ಟಳು. “ರುಚಿ ಆಮೇಲಿನ ಮಾತಮ್ಮ. ಕಪಾಟಲ್ಲಿರೋದನ್ನ ಜನ ಕಣ್ಣಲ್ಲೇ ತಿನ್ನೋದು.” ಕೇಕಿನವಳಿಗೆ ಅಲ್ಲೇ ಫೋನು ಹೋಯಿತು.

ತುಂಬಿದ ಟ್ರೇ ಹೊತ್ತು ಅವಳು ಮನೆಗೆ ಬಂದಾಗ ಮೇಸ್ತ್ರಿ ಬಾಗಿಲಲ್ಲೇ ಇದ್ದ. ಅವಳ ಮುಖ ನೋಡಿ ಅವನಿಗೂ ಕಸಿವಿಸಿಯಾಯಿತು. ಕೆಟ್ಟವನಲ್ಲ, ಅದೇ ದೊಡ್ಡ ತೊಂದರೆ.

“ತಗೊಳ್ಳಲಿಲ್ವಾ? ನಿಂಗೆ ಮಾತಾಡೋಕೆ ಬರಲ್ಲ, ಅದಕ್ಕೇ ಹೀಗಾಗೋದು. ತಾಳು, ನಾನೇ ಹೋಗಿ ಎಲ್ಲ ಸರಿ ಮಾಡ್ತೀನಿ,” ಎಂದು ಚಪ್ಪಲಿ ಮೆಟ್ಟಿದ.

ಅವಳು ಟ್ರೇಯನ್ನು ಇಳಿಸದೆ, ಬಾಗಿಲಿಗೆ ಅಡ್ಡ ನಿಂತಳು.

“ಚಪ್ಪಲಿ ಬಿಡಿ,” ಎಂದಳು. “ನೀವು ಸರಿ ಮಾಡಿ ಮಾಡಿ, ನನ್ನದು ಅನ್ನೋದು ಈ ಮನೇಲಿ ಒಂದೂ ಉಳಿದಿಲ್ಲ.”