ನೀರು ಸೋಕದ ಕೋಣೆಯ ರವಿಚಂದ್ರ

ನಂಜನಗೂಡಿನ ಒಂದು ಔಷಧ ಕಾರ್ಖಾನೆಯಲ್ಲಿ ನಾನು ಲೆಕ್ಕಪತ್ರದವನು. ಕಳಲೆಯ ರವಿಚಂದ್ರ ಸಿಲಿಲ್ ಕೋಣೆಯ ಆಪರೇಟರು. ಔಷಧದ ಅಣುವಿನ ಒಂದು ತುದಿಯಲ್ಲಿ ರಾಸಾಯನಿಕ ಕ್ರಿಯೆ ನಡೆಯುವಾಗ ಇನ್ನೊಂದು ತುದಿ ಕೆಡದಿರಲೆಂದು ಅದಕ್ಕೊಂದು ಸಿಲಿಲ್ ಎಂಬ ಸಿಲಿಕಾನಿನ ಮುಸುಕು ತೊಡಿಸುವುದು, ಆಮೇಲೆ ಕಳಚುವುದು ಅವನ ಉದ್ಯೋಗ. ಮಾತ್ರೆಯಲ್ಲಿ ಆ ಮುಸುಕಿನ ಸುಳಿವೂ ಉಳಿಯುವುದಿಲ್ಲ. ಆದರೂ ಅವನ ಮಾತು ಕೇಳಿದರೆ, ದೇಶದ ಆರೋಗ್ಯವೆಲ್ಲ ಅವನೊಬ್ಬನ ಹೆಗಲ ಮೇಲಿದೆ ಅನ್ನಿಸುತ್ತಿತ್ತು.

ಮುಸುಕಿಗೆ ಬೇಕಾದ ಕ್ಲೋರೋಸಿಲೇನ್ ಎಂಬ ದ್ರವಕ್ಕೆ ನೀರು ತಾಗಿದರೆ ಬುಸ್ಸೆಂದು ಆಮ್ಲದ ಹೊಗೆ ಏಳುತ್ತದೆ. ಎಚ್ಚರಿಕೆ ಬೇಕು, ನಿಜ. ರವಿಚಂದ್ರ ಅದನ್ನು ನೀರಿಲ್ಲದ ಮಡಿಯಾಗಿ ಮಾಡಿಕೊಂಡಿದ್ದ. ಬಾಗಿಲಲ್ಲಿ ಹಳದಿ ಗೆರೆ ಎಳೆದು, ಕೊಡೆ ಹಿಡಿದವರನ್ನೂ ಬೆವತವರನ್ನೂ ಆಚೆಯೇ ತಡೆಯುತ್ತಿದ್ದ; ತನ್ನ ಹೆಲ್ಪರ್ ಹುಡುಗನನ್ನೂ ಬಿಡುತ್ತಿರಲಿಲ್ಲ.

“ಲೇ ಪ್ರಸಾದ, ಮುಖ ತೊಳ್ದಿದ್ದೀಯೇನ್ಲಾ? ಓಗು ಅತ್ಲಾಗೆ!”

ಬರುಬರುತ್ತ ಅತ್ತ ಯಾರೂ ಸುಳಿಯದಾದರು. ಆಯುಧಪೂಜೆಯ ಕಲಶವೂ ಅವನ ಕೋಣೆಯನ್ನು ಬಿಟ್ಟು ಮುಂದೆ ಹೋಗುತ್ತಿತ್ತು. ಈ ವರ್ಷ ತಾಯಿ ಮಂಚಮ್ಮ ತೀರಿಕೊಂಡ ಮೇಲೆ ಮನೆಯಲ್ಲೂ ಅವನೊಬ್ಬನೇ.

ಪೂಜೆಯ ಬೆಳಿಗ್ಗೆ ಹೊಸ ಅಂಗಿ ತೊಟ್ಟು ನನ್ನ ಮೇಜಿನ ಬಳಿ ಬಂದ. “ಸಾ, ಈ ಸಲ ಪೂಜೆ ನನ್ ರೂಮ್ಗೂ ಬರ್ಲಿ ಅಂತ ಆಸೆ. ಡ್ರಮ್ಮೆಲ್ಲ ಗೋಡೌನ್ಗೆ ಸಾಗಿಸ್ಬುಟ್ಟೆ. ರಿಯಾಕ್ಟರ್ ಅಂಡೇನೂ ಕಾಲಿ, ಇವತ್ತು ನೀರ್ ಬಂದ್ರೂ ಏನಾಗಾಕಿಲ್ಲ.”

“ಪೂಜೆಯವರಿಗೆ ಹೇಳಿದ್ಯಾ?”

“ನಾನ್ಯಾಕೆ ಏಳ್ಬೇಕು ಸಾ? ಬಾಗ್ಲು ತೆಗ್ದಿದ್ರೆ ಗೊತ್ತಾಗಾಕಿಲ್ವಾ?”

“ನಾನೇ ಹೇಳ್ಲಾ?”

“ಬ್ಯಾಡಿ ಸಾ. ಅವ್ರಾಗೇ ಬರ್ಬೇಕು.”

ಹೀಗಾಗಿ ನಾನೂ ಸುಮ್ಮನೆ ಮೆರವಣಿಗೆಯ ಹಿಂದೆ ಹೊರಟೆ. ಲ್ಯಾಬಿನ ಮಂಗಳಗೌರಿ ಕಲಶ ಹಿಡಿದು ಮುಂದಿದ್ದಳು. ತೆರೆದ ಬಾಗಿಲಲ್ಲಿ ರವಿಚಂದ್ರನನ್ನು ಕಂಡದ್ದೇ ಬೆಚ್ಚಿ, ಕಲಶವನ್ನು ಹಿಂದಿದ್ದವನ ಕೈಗೆ ದಾಟಿಸಿ, ಸೆರಗಿನಲ್ಲಿ ಕೈ ಒರೆಸಿಕೊಂಡು, ಪೂಜೆಯ ಪುರಿ ತಟ್ಟೆ ತೆಗೆದುಕೊಂಡಳು.

“ಬಯ್ಬೇಡಿ ರವಿಯಣ್ಣ, ಗೆರೆ ದಾಟಾಕಿಲ್ಲ ನಾವು. ಪುರಿ ಎಲ್ಲಿಡ್ಲಿ?”

ರವಿಚಂದ್ರ ಬಾಯಿ ತೆರೆದ. ಒಳಗೆ ಬನ್ನಿ ಅನ್ನುವುದೊಂದು ಬಾಕಿಯಿತ್ತು. ಎಲ್ಲರೂ ಅವನನ್ನೇ ನೋಡುತ್ತಿದ್ದರು. ಅವನು ಎದೆ ಸೆಟೆಸಿ, ಗಂಟಲು ಸರಿಮಾಡಿಕೊಂಡ.

“ಅಲ್ಲೇ ಆಚೆಗಿಡವ್ವ.”

ಇಟ್ಟಳು. ಮೆರವಣಿಗೆ ಬಾಯ್ಲರ್ ಕಡೆಗೆ ತಿರುಗಿತು. ಸ್ವಲ್ಪ ಹೊತ್ತಿಗೆ ಅಲ್ಲಿಂದ ಕುಂಬಳಕಾಯಿ ಒಡೆದ ಸದ್ದು, ನಗು. ರವಿಚಂದ್ರ ಬಗ್ಗಿ ತಟ್ಟೆ ಎತ್ತಿಕೊಂಡು, ಖಾಲಿ ರಿಯಾಕ್ಟರಿಗೆ ಒರಗಿ ಕುಳಿತು ಪುರಿ ತಿನ್ನತೊಡಗಿದ.