ಮುಟ್ಟಬಾರದ ಒಡ್ಡು

ಪುಂಡಲೀಕನ ಹತ್ತಿ ಆ ವರ್ಷ ಉಳಿದದ್ದು ದಾವೂದಸಾಬನ ಸನಿಕೆಯಿಂದ. ಉಳಿಸಿದವನ ಫೋಟೋ ಹೊಡೆದು ಕೋರ್ಟಿಗೆ ಕೊಟ್ಟವನೂ ಅದೇ ಪುಂಡಲೀಕ. ಇವತ್ತಿಗೂ ಅವನು ಕೂತ ಚಹಾದಂಗಡಿಯಲ್ಲಿ ನಾನು ಕೂಡುವುದಿಲ್ಲ. ಕೂತರೆ ಕೈ ಸುಮ್ಮನಿರುವುದಿಲ್ಲ.

ತಿರ್ಲಾಪುರದ ಎರೆ ಹೊಲದಲ್ಲಿ ಮೇಲೆ ದಾವೂದಸಾಬನದು, ಅದರ ಕೆಳಗೆ ಪುಂಡಲೀಕನದು, ಅದಕ್ಕೂ ಕೆಳಗೆ ನನ್ನದು. ದಾವೂದಸಾಬ ಮಾತು ಕಡಿಮೆಯ ಮುದುಕ. ನೀರು ಸುಮ್ಮನೆ ಹರಿದು ಹೋಗುವುದನ್ನು ನೋಡಲಾರದವ. ನವಲಗುಂದ ಬಸ್‌ಸ್ಟ್ಯಾಂಡಿನಲ್ಲಿ ನಳ ಸೋರುತ್ತಿದ್ದರೆ ಬಸ್ಸು ಬಿಟ್ಟಾದರೂ ಹೋಗಿ ತಿರುವಿ ಬರುತ್ತಿದ್ದ. ಹೆಂಡತಿ ಮರಿಯಮಬಿ, "ಈ ಮನಶ್ಯಾ ನನ್ನಕಿಂತ ನಳದ ಮ್ಯಾಲ ಭಾಳ ಜೀಂವ ಇಟ್ಟಾನ" ಎಂದು ನಗುತ್ತಿದ್ದಳು.

ದಾವೂದಸಾಬ ತಮ್ಮಿಬ್ಬರ ನಡುವಿನ ಒಡ್ಡನ್ನು ಕೆಳಕ್ಕೆ ಸರಿಸಿ ಜಾಗ ಒತ್ತಿಕೊಂಡಿದ್ದಾನೆಂದು ಪುಂಡಲೀಕ ದಾವೆ ಹಾಕಿದ. ತೀರ್ಪಾಗುವವರೆಗೆ ಇಬ್ಬರೂ ಅದನ್ನು ಮುಟ್ಟಬಾರದೆಂದು ಕೋರ್ಟು ಹೇಳಿತು.

ಮುಂದಿನ ಮಳೆಗೆ ಒಡ್ಡು ಒಡೆಯಿತು. ನಮ್ಮಲ್ಲಿ ಒಡೆದ ಒಡ್ಡು ಯಾರದೇ ಇರಲಿ, ಕಂಡವನು ಕಟ್ಟುತ್ತಾನೆ. ಕೇಳುತ್ತ ನಿಂತರೆ ಕೆಳಗಿನ ಹೊಲಗಳ ಮಣ್ಣು ಹಳ್ಳ ಸೇರುತ್ತದೆ. ಮುಟ್ಟಬಾರದು ಅಂದರೆ ಸರಿಸಬಾರದು ಅಷ್ಟೇ ಎಂದು ಮುದುಕ ತಿಳಿದಿದ್ದ. ಗಂಡ ಹೆಂಡತಿ ಕಲ್ಲುಮಣ್ಣು ಹೊತ್ತು ಕಟ್ಟಿದರು. ನಾನು ಊರಲ್ಲಿರಲಿಲ್ಲ. ಪುಂಡಲೀಕ ಇದ್ದ, ಮೊಬೈಲ್ ಹಿಡಿದು.

ಕೋರ್ಟಿನ ಆದೇಶ ಮುರಿದವನನ್ನು ಜೈಲಿಗೆ ಯಾಕೆ ಹಾಕಬಾರದು ಎಂದು ನೋಟೀಸು ಬಂತು. ನಾನೇ ಮುದುಕನನ್ನು ವಕೀಲರ ಹತ್ತಿರ ಕರೆದೊಯ್ದೆ.

"ಮಾಫಿ ಕೇಳ್ರಿ. ಇನ್ನ ಮುಟ್ಟೂದಿಲ್ಲಂತ ಬರಕೊಡ್ರಿ," ಎಂದರು ವಕೀಲರು.

"ಮತ್ತ ಒಡದ್ರ?"

"ಅರ್ಜಿ ಹಾಕೂಣು. ಹುಕುಂ ಬಂದ ಮ್ಯಾಲ ಕಟ್ಟೀರಂತ."

"ಅಲ್ಲೀತನಾ ನೀರಿಗೆ ತಡಿ ಅಂತ ಯಾರ ಹೇಳಾವ್ರು, ಸಾಹೇಬ್ರ?"

ವಕೀಲರು ನಗಲಿಲ್ಲ. "ಎರಡನೇ ಸಲ ಮಾಫಿ ಇರೂದಿಲ್ರಿ."

ಮಾಫಿ ಸಿಕ್ಕಿತು. ಆಮೇಲೆ ದಾವೂದಸಾಬ ಆ ಒಡ್ಡಿನಿಂದ ದೂರವೇ ನಡೆಯುತ್ತಿದ್ದ, ಮಲಗಿದ ಹುಚ್ಚುನಾಯಿಯನ್ನು ಬಳಸಿ ಹೋಗುವವರಂತೆ. ಮೋಡ ಕಂಡರೆ ತಾಟು ಸರಿಸಿ ಏಳುತ್ತಾನೆಂದು ಮರಿಯಮಬಿ ಹೇಳಿದಳು. ಅವಳೀಗ ನಗುತ್ತಿರಲಿಲ್ಲ.

ಮರುವರ್ಷ ಹಿಂಗಾರಿ ಮಳೆ ಮಧ್ಯಾಹ್ನವನ್ನೇ ಕತ್ತಲು ಮಾಡಿಕೊಂಡು ಬಂತು. ನಾನು ಓಡಿಹೋದಾಗ ಒಡ್ಡು ಹಳೆಯ ಜಾಗದಲ್ಲೇ ಜಿನುಗುತ್ತಿತ್ತು. ದಾವೂದಸಾಬ ಕೈಗಳನ್ನು ಕಂಕುಳಲ್ಲಿ ಒತ್ತಿಕೊಂಡು ನಿಂತಿದ್ದ. ಆಚೆ ಪುಂಡಲೀಕ, ಅದೇ ಮೊಬೈಲ್. ನಾನು ಸನಿಕೆ ಎತ್ತಿದೆ.

"ಇಡು ಶಿದ್ಲಿಂಗ," ಅಂದ ಮುದುಕ.

"ಕಾಕಾ, ಹುಕುಂ ನಿನಗೈತಿ, ನನಗಿಲ್ಲ."

"ನೀ ಮುಟ್ಟಿದ್ರ ನಾನ ಕಟ್ಟಿಸೇನಿ ಅಂತಾನಂವ. ಜೇಲಿಗೆ ಹೋಗಾಂವ ನಾನು."

"ಲೇ ಪುಂಡ್ಯಾ, ನಿನ್ನ ಹತ್ತೀನೂ ಹೊಕ್ಕೈತಲೇ," ಎಂದೆ.

"ಹೋಗ್ಲಿ. ಕೋರ್ಟ್ ಹೇಳೇತಿ," ಅಂದ ಅವನು, ಮೊಬೈಲ್ ಇಳಿಸದೆ.

ಒಡ್ಡು ಹೆಚ್ಚು ಸದ್ದು ಮಾಡದೆ ಕುಸಿಯಿತು. ಅವನ ಹತ್ತಿ, ನನ್ನ ಕಡಲೆ, ಎರಡೂ ಹೋದವು. ದಾವೂದಸಾಬ ಕಣ್ಣು ಮುಚ್ಚಿದ್ದ. ಕೈ ಮಾತ್ರ ಹೊರಗೆ ತೆಗೆಯಲಿಲ್ಲ.

ಹೊಲ ಕಾಯ್ದುಕೊಟ್ಟವನಿಗೆ ಒಂದು ದಿನ ದುಡಿದು ಮುಯ್ಯಿ ತೀರಿಸುವುದು ನಮ್ಮ ರೀತಿ. ಮೊದಲ ಮಳೆಯಲ್ಲಿ ಅವನು ನನ್ನ ಬೆಳೆಯನ್ನೂ ಉಳಿಸಿದ್ದನಲ್ಲ, ಆ ಒಂದು ದಿನದ ದುಡಿಮೆ ಕೊಡೋಣವೆಂದು ಅವನ ಮನೆಗೆ ಹೋದೆ.

"ಹೊಲದಾಗ ನನ್ನ ಕೆಲಸ ಇಲ್ಲಪಾ ಇನ್ನ," ಅಂದ. "ಹೊಲಾ ಪುಂಡಲೀಕಗ ಲಾವಣಿ ಕೊಟ್ಟೇನಿ, ವರ್ಷಕ್ಕಿಷ್ಟು ರೊಕ್ಕ ಅಂತ. ಒಡ್ಡಿನ ಎರಡೂ ಕಡೆ ಈಗ ಅವನ ಉಳಾಂವ. ಒಡದ್ರ ಅವನ ನೋಡ್ಕೊಳ್ಳಿ."

ಪುಂಡಲೀಕ ಉಳುವ ಮಣ್ಣಿಗೆ ನಾನು ಸನಿಕೆ ಹಾಕಲಾರೆ. ದಾವೂದಸಾಬನ ಆ ಒಂದು ದಿನ ನನ್ನ ಮೇಲೆಯೇ ಇದೆ.